ಅಗ್ಗದ ಕಂತು, ದುಬಾರಿ ಮನೆ

ನಾನು ಮೈಸೂರಿನ ಒಂದು ಖಾಸಗಿ ಶಾಲೆಯಲ್ಲಿ ಟೀಚರ್, ಕೈಗೆ 28 ಸಾವಿರ ಬರುತ್ತದೆ. ನಮ್ಮ ಮನೆಯವರು ಹೆಬ್ಬಾಳ ಇಂಡಸ್ಟ್ರಿಯಲ್ ಏರಿಯಾದ ಕಾರ್ಖಾನೆಯೊಂದರಲ್ಲಿ ಸೂಪರ್‌ವೈಸರ್, ಅವರ ಸಂಬಳ 62 ಸಾವಿರ. ಅವರಿಗೆ 36 ವರ್ಷ. ಮಗ ನಾಲ್ಕನೇ ಕ್ಲಾಸು. ಈಗ 13 ಸಾವಿರ ಬಾಡಿಗೆ ಕೊಡುತ್ತಿದ್ದೇವೆ. ಬೋಗಾದಿ ಕಡೆ ಎರಡು ಬೆಡ್‌ರೂಮಿನ ಫ್ಲ್ಯಾಟ್ ನೋಡಿದ್ದೇವೆ. ಹಳೇ ಮಾಲೀಕರು ಮಾರುತ್ತಿದ್ದಾರೆ, 50 ಲಕ್ಷ ಹೇಳಿದ್ದಾರೆ. ನಾವು ಕೂಡಿಟ್ಟಿರುವುದು 10 ಲಕ್ಷ. ಉಳಿದ 40 ಲಕ್ಷಕ್ಕೆ ಒಂದು ಹೌಸಿಂಗ್ ಫೈನಾನ್ಸ್ ಕಂಪನಿಯವರು ಸಾಲ ಕೊಡುತ್ತೇವೆ ಅಂದಿದ್ದಾರೆ, ಎಂಟೂವರೆ ಪರ್ಸೆಂಟ್ ಬಡ್ಡಿ. 20 ವರ್ಷಕ್ಕಾದರೆ ಕಂತು 34,713, 30 ವರ್ಷಕ್ಕಾದರೆ 30,757 ಅಂತೆ. ಟ್ಯಾಕ್ಸ್ ಕೂಡ ಉಳಿಯುತ್ತದೆ ಅಂತ ಏಜೆಂಟ್ ಹೇಳಿದ. ನಮ್ಮ ಮನೆಯವರು 30 ವರ್ಷದ್ದೇ ಇರಲಿ, ತಿಂಗಳಿಗೆ ನಾಲ್ಕು ಸಾವಿರ ಮಿಗುತ್ತದೆ ಅನ್ನುತ್ತಾರೆ. ರಿಜಿಸ್ಟ್ರೇಷನ್ ಖರ್ಚಿಗೆ ನನ್ನ ಒಡವೆ ಅಡ ಇಟ್ಟರಾಯಿತು ಅಂತಾರೆ. ಊರಲ್ಲಿರುವ ಮಾವನವರು ಸಾಲದ ಮನೆಯೇ ಬೇಡ ಅಂತ ಹಟ ಹಿಡಿದಿದ್ದಾರೆ. ಮುಂದಿನ ವಾರ ಮುಂಗಡ ಕೊಡಬೇಕು. ಒಟ್ಟು ನಮ್ಮ ಕೈಯಿಂದ ಎಷ್ಟು ಹೋಗುತ್ತದೆ ಅನ್ನುವುದನ್ನು ಮಾತ್ರ ಯಾರೂ ಬಾಯಿಬಿಟ್ಟು ಹೇಳುತ್ತಿಲ್ಲ. ದಯವಿಟ್ಟು ಬಿಡಿಸಿ ಹೇಳಿ.
— ಓದುಗರು, ಮೈಸೂರು

ಮೊದಲು ನೀವು ಕೇಳಿದ ಲೆಕ್ಕ. ಬಡ್ಡಿ ದರ ಎಂಟೂವರೆಯಲ್ಲೇ ನಿಂತಿತು ಅಂದುಕೊಂಡರೆ, 20 ವರ್ಷದ ಸಾಲಕ್ಕೆ ನೀವು ಒಟ್ಟು ಕಟ್ಟುವುದು ಸುಮಾರು 83 ಲಕ್ಷ 31 ಸಾವಿರ. 30 ವರ್ಷದ್ದಕ್ಕೆ 1 ಕೋಟಿ 10 ಲಕ್ಷ 72 ಸಾವಿರ. ಪಡೆದ ಸಾಲ ಎರಡರಲ್ಲೂ ಅದೇ 40 ಲಕ್ಷ. ತಿಂಗಳಿಗೆ 3,956 ರೂಪಾಯಿ ಮಿಗಿಸುವುದಕ್ಕೆ ನಿಮ್ಮ ಯಜಮಾನರು 27 ಲಕ್ಷ ಹೆಚ್ಚಿಗೆ ಕೊಡಲು ಒಪ್ಪಿದ್ದಾರೆ. ಅವರಿಗೆ ಅದು ಗೊತ್ತಿಲ್ಲ, ಏಕೆಂದರೆ ಏಜೆಂಟ್ ಹೇಳಿದ್ದು ಕಂತು ಮಾತ್ರ.

ನಿಮ್ಮ ಮಾವನವರ ಹಟದ ಬಗ್ಗೆ ಒಂದು ಮಾತು. ಅವರ ಕಾಲದ ಸಾಲ ಅಂದರೆ ನೂರಕ್ಕೆ ಎರಡು, ನೂರಕ್ಕೆ ಮೂರು, ಅದೂ ತಿಂಗಳಿಗೆ. ವರ್ಷಕ್ಕೆ ಲೆಕ್ಕ ಹಾಕಿದರೆ ಶೇ. 24, ಶೇ. 36. ಅಂಥ ಸಾಲ ತೀರಿಸಿದವರು ಹೆದರುವುದು ಸಹಜ. ನಿಮಗೆ ಸಿಗುತ್ತಿರುವುದು ಅವರ ಭಾಷೆಯಲ್ಲಿ ತಿಂಗಳಿಗೆ ನೂರಕ್ಕೆ ಎಪ್ಪತ್ತೊಂದು ಪೈಸೆ. ಅವರಿಗೆ ಹಾಗೇ ಹೇಳಿ, ಅರ್ಥವಾಗುತ್ತದೆ. ಗೃಹಸಾಲದ ಬಡ್ಡಿ ನಿಜಕ್ಕೂ ದುಬಾರಿಯಲ್ಲ, ಸಾಮಾನ್ಯ ಮನುಷ್ಯನಿಗೆ ಸಿಗುವ ಸಾಲಗಳಲ್ಲಿ ಇದಕ್ಕಿಂತ ಅಗ್ಗದ್ದು ಸಿಗುವುದು ಕಷ್ಟ. ದುಬಾರಿಯಾಗಿರುವುದು ವರ್ಷಗಳು. ಎಪ್ಪತ್ತೊಂದು ಪೈಸೆಯೂ 360 ತಿಂಗಳು ಸುರಿದರೆ ಕೆರೆ ತುಂಬುತ್ತದೆ.

ಬ್ಯಾಂಕಿನ ಸಾಲ ವಿಭಾಗದಲ್ಲಿ ಕೂತಿದ್ದ ಕಾಲದಲ್ಲಿ ನಾನು ಕಂಡದ್ದೇನೆಂದರೆ, ಕಂತಿನ ಪಟ್ಟಿಯನ್ನು ಕೇಳಿ ಪಡೆದು ಓದುವವರು ಬಹಳ ಕಡಿಮೆ. ನೀವು ಕೇಳಿ ಪಡೆಯಿರಿ. ಅದರ ಮೊದಲನೇ ಸಾಲನ್ನು ಇಬ್ಬರೂ ಕೂತು ನೋಡಿ. 20 ವರ್ಷದ ಪಟ್ಟಿಯಲ್ಲಿ ಮೊದಲ ಕಂತು 34,713. ಅದರಲ್ಲಿ ಬಡ್ಡಿಗೆ ಹೋಗುವುದು 28,333. ಅಸಲಿಗೆ ಜಮೆಯಾಗುವುದು 6,380. ಮೋಸವೇನೂ ಇಲ್ಲ. ಇಡೀ 40 ಲಕ್ಷ ನಿಮ್ಮ ಬಳಿಯೇ ಇರುವಾಗ ಒಂದು ತಿಂಗಳ ಬಡ್ಡಿ ಅಷ್ಟಾಗಲೇಬೇಕು. ಅಸಲು ಕರಗಿದಂತೆ ಬಡ್ಡಿಯೂ ಕರಗುತ್ತದೆ, ಆದರೆ ಬಹಳ ನಿಧಾನವಾಗಿ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ದಾಟುವುದು ಹನ್ನೆರಡನೇ ವರ್ಷದ ಕೊನೆಗೆ. ಐದು ವರ್ಷ ತಪ್ಪದೆ 20 ಲಕ್ಷ 83 ಸಾವಿರ ಕಟ್ಟಿದ ಮೇಲೂ ಬಾಕಿ 35 ಲಕ್ಷ 25 ಸಾವಿರ ಇರುತ್ತದೆ. ಹತ್ತು ವರ್ಷವಾದಾಗ 28 ಲಕ್ಷ.

ಈಗ 30 ವರ್ಷದ ಪಟ್ಟಿ. ಮೊದಲ ತಿಂಗಳು ಅಸಲಿಗೆ ಸೇರುವುದು ಬರೀ 2,424 ರೂಪಾಯಿ. ಹತ್ತು ವರ್ಷದಲ್ಲಿ ಸುಮಾರು 37 ಲಕ್ಷ ಕಟ್ಟಿರುತ್ತೀರಿ, ಬಾಕಿ 35 ಲಕ್ಷ 44 ಸಾವಿರ. ಅಂದರೆ ಮಗ ಕಾಲೇಜಿನಲ್ಲಿ ಓದುವ ಹೊತ್ತಿಗೂ ನೀವು ಹೆಚ್ಚುಕಡಿಮೆ ಹೊರಟ ಜಾಗದಲ್ಲೇ ಇರುತ್ತೀರಿ. ನಿಮ್ಮ ಯಜಮಾನರಿಗೆ 60 ತುಂಬಿ ಕಾರ್ಖಾನೆಯಿಂದ ನಿವೃತ್ತರಾಗುವ ದಿನ ಇನ್ನೂ 17 ಲಕ್ಷ 30 ಸಾವಿರ ಬಾಕಿ, ಆರು ವರ್ಷದ ಕಂತು. ಅದನ್ನು ಕಟ್ಟುವುದು ಪಿಎಫ್ ದುಡ್ಡಿನಿಂದಲೇ? 30 ವರ್ಷ ಬೇಡ ಎನ್ನುವುದಕ್ಕೆ ನನಗೆ ಈ ಒಂದು ಅಂಕಿ ಸಾಕು.

ಇದೆಲ್ಲ ಬಡ್ಡಿ ಅಲುಗಾಡದಿದ್ದರೆ. ಅದು ಅಲುಗಾಡುತ್ತದೆ. ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕ್ ಸಾಲ ಕೊಡುವ ರೆಪೊ ದರ 2020ರ ಮೇ ತಿಂಗಳಲ್ಲಿ ಶೇ. 4ಕ್ಕೆ ಇಳಿದಿತ್ತು. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ಅದು ಶೇ. 6.5ಕ್ಕೆ ಏರಿತು. 2025ರಲ್ಲಿ ಮತ್ತೆ ಹಂತ ಹಂತವಾಗಿ ಇಳಿದು 5.25ಕ್ಕೆ ಬಂತು. ಆ ಏರಿಕೆಯ ಹೊತ್ತಿನಲ್ಲಿ ಸಾಲಗಾರರಿಗೆ ಏನಾಯಿತು ಎನ್ನುವುದು ನಿಮಗೆ ಪಾಠವಾಗಬೇಕು. ಶೇ. 7ರಲ್ಲಿ 20 ವರ್ಷಕ್ಕೆ 40 ಲಕ್ಷ ಪಡೆದವರ ಕಂತು 31,012. ಒಂದು ವರ್ಷ ಕಟ್ಟಿದ ಮೇಲೆ ಬಾಕಿ 39 ಲಕ್ಷದ ಆಸುಪಾಸು. ಎರಡೂವರೆ ಪರ್ಸೆಂಟ್ ಏರಿಕೆ ಪೂರ್ತಿ ಇವರ ಮೇಲೆ ಬಿದ್ದು ದರ ಒಂಬತ್ತೂವರೆಯಾದರೆ ತಿಂಗಳ ಬಡ್ಡಿಯೇ 30,913. ಅಸಲಿಗೆ ಉಳಿಯುವುದು ನೂರು ರೂಪಾಯಿಗೂ ಒಂದು ಕಡಿಮೆ! ಹೀಗಾದಾಗ ಕಂಪನಿಗಳು ಕಂತನ್ನು ಮುಟ್ಟದೆ ಅವಧಿಯನ್ನು ಹಿಗ್ಗಿಸಿದವು. ಕಂತು ಹೆಚ್ಚಾಗಲಿಲ್ಲವೆಂದು ಸಾಲಗಾರರು ಸಮಾಧಾನ ಪಟ್ಟರು, ಮುಗಿಯುವ ವರ್ಷ ಮಾತ್ರ ಸದ್ದಿಲ್ಲದೆ ಮುಂದಕ್ಕೆ ಹೋಗಿತ್ತು. ಎಷ್ಟೋ ಮಂದಿಗೆ ಅದು ಗೊತ್ತಾದದ್ದು ಬಾಕಿಯ ಸ್ಟೇಟ್‌ಮೆಂಟ್ ತೆಗೆದು ನೋಡಿದಾಗ.

ಇದಕ್ಕೇ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ ಒಂದು ಆದೇಶ ಹೊರಡಿಸಿತು. ದರ ಬದಲಾದಾಗ ಕಂತು ಹೆಚ್ಚಿಸಬೇಕೋ, ಅವಧಿ ಹೆಚ್ಚಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎನ್ನುವ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕು. ಮೂರು ತಿಂಗಳಿಗೊಮ್ಮೆ ಈವರೆಗೆ ಅಸಲಿಗೆಷ್ಟು ಬಡ್ಡಿಗೆಷ್ಟು ಹೋಗಿದೆ, ಇನ್ನೆಷ್ಟು ಕಂತು ಉಳಿದಿದೆ ಎನ್ನುವ ಲೆಕ್ಕ ಸಿಗುವಂತೆ ಮಾಡಬೇಕು. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೂ ಇದು ಅನ್ವಯ. ಆದರೆ ಆಯ್ಕೆ ಕೇಳುವ ಮೆಸೇಜು ಬಂದಾಗ ಅದನ್ನು ಜಾಹೀರಾತು ಅಂದುಕೊಂಡು ಅಳಿಸಿದರೆ ನಿಯಮ ಏನು ಮಾಡೀತು?

ನಿಮ್ಮ ವಿಷಯದಲ್ಲಿ ಇನ್ನೊಂದು ತೊಡಕಿದೆ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ ಗೃಹಸಾಲದ ದರವನ್ನು ರೆಪೊದಂಥ ಹೊರಗಿನ ಮಾನದಂಡಕ್ಕೆ ಕಟ್ಟಿಹಾಕಲಾಗಿದೆ, ಮೂರು ತಿಂಗಳಿಗೊಮ್ಮೆಯಾದರೂ ಪರಿಷ್ಕರಿಸಬೇಕು. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಆ ಕಟ್ಟಳೆ ಇಲ್ಲ, ಅವು ತಮ್ಮದೇ ಮೂಲದರ ಇಟ್ಟುಕೊಂಡಿರುತ್ತವೆ. ರೆಪೊ ಇಳಿದಾಗ ನಿಮ್ಮ ದರ ಅಷ್ಟೇ ಬೇಗ ಇಳಿಯುತ್ತದೆಂಬ ಖಾತ್ರಿ ಇರುವುದಿಲ್ಲ. ಕಂಪನಿಯವರು ಮನೆಬಾಗಿಲಿಗೆ ಬಂದರು, ಬ್ಯಾಂಕಿಗೆ ನಾವೇ ಅಲೆಯಬೇಕು, ನಿಜ. ಅಲೆಯಿರಿ. ಸಿಬಿಲ್ ಸ್ಕೋರ್ ಚೆನ್ನಾಗಿದ್ದರೆ ಎಂಟೂವರೆಗಿಂತ ಕಡಿಮೆಗೆ ಸಿಗುವ ಸಾಧ್ಯತೆ ಇದೆ. ಬರೀ ಅರ್ಧ ಪರ್ಸೆಂಟ್ ಕಡಿಮೆಯಾದರೂ ಕಂತು 33,458ಕ್ಕೆ ಇಳಿಯುತ್ತದೆ, 20 ವರ್ಷದಲ್ಲಿ 3 ಲಕ್ಷ ಉಳಿತಾಯ. ಮೂರು ಬ್ಯಾಂಕ್ ಸುತ್ತಿದ ಚಪ್ಪಲಿ ಸವೆತಕ್ಕೆ ಒಳ್ಳೆಯ ಕೂಲಿ.

ಟ್ಯಾಕ್ಸ್ ಉಳಿಯುತ್ತದೆ ಎಂಬ ಮಾತನ್ನು ಮರೆತುಬಿಡಿ. ನಾವೇ ವಾಸಿಸುವ ಮನೆಯ ಸಾಲದ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ ಇರುವುದು ಹಳೆಯ ತೆರಿಗೆ ಪದ್ಧತಿಯಲ್ಲಿ. ಹೊಸ ಪದ್ಧತಿಯಲ್ಲಿ ಅದಿಲ್ಲ. ಆದರೆ ಹೊಸ ಪದ್ಧತಿಯಲ್ಲಿ 2025-26ರಿಂದ 12 ಲಕ್ಷದವರೆಗಿನ ಆದಾಯಕ್ಕೆ ತೆರಿಗೆಯೇ ಬರುವುದಿಲ್ಲ. ನೀವು ಹೇಳಿದ ಸಂಬಳ ನೋಡಿದರೆ ನಿಮ್ಮಿಬ್ಬರಿಗೂ ಕಟ್ಟಬೇಕಾದ ತೆರಿಗೆ ಸೊನ್ನೆ. ಇಲ್ಲದ ತೆರಿಗೆಯಲ್ಲಿ ಉಳಿಸುವುದೇನು?

ಇನ್ನು ಕೈಯಿಂದ ಮೊದಲೇ ಹೋಗುವ ದುಡ್ಡು. ನಿಮ್ಮ ಕುಟುಂಬದ ಲೆಕ್ಕ ಎಡವಿರುವುದು ಇಲ್ಲಿ. ಮರುಮಾರಾಟದ ಫ್ಲ್ಯಾಟಿಗೆ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ಸು, ಸರ್ಚಾರ್ಜು ಸೇರಿ ನಗರದಲ್ಲಿ ಶೇ. 5.6. ನೋಂದಣಿ ಶುಲ್ಕ ಮೊದಲು ಶೇ. 1 ಇತ್ತು, 2025ರ ಆಗಸ್ಟ್ ಕೊನೆಯಿಂದ ರಾಜ್ಯ ಸರ್ಕಾರ ಅದನ್ನು ಶೇ. 2 ಮಾಡಿದೆ. ಎಲ್ಲ ಸೇರಿ ಶೇ. 7.6, ಅಂದರೆ 50 ಲಕ್ಷಕ್ಕೆ 3 ಲಕ್ಷ 80 ಸಾವಿರ. 50 ಲಕ್ಷದ ಮನೆಗೆ ನಿಯಮದ ಪ್ರಕಾರ ಶೇ. 80ರಷ್ಟೇ ಸಾಲ ಸಿಗುವುದು, ಈ ಶುಲ್ಕವನ್ನು ಮನೆಯ ಬೆಲೆಗೆ ಸೇರಿಸಿ ಸಾಲ ಕೊಡುವಂತಿಲ್ಲ. ಬ್ರೋಕರ್ ಇದ್ದರೆ ನೂರಕ್ಕೆ ಒಂದು ಅಂದರೂ 50 ಸಾವಿರ. ಕಂಪನಿಯ ಪ್ರೊಸೆಸಿಂಗ್ ಶುಲ್ಕ, ವಕೀಲರ ಅಭಿಪ್ರಾಯ, ಕಾಗದಪತ್ರ ಒತ್ತೆ ಇಡುವ ನೋಂದಣಿ ಖರ್ಚು. ಮನೆಗೆ ಹೋದ ಮೇಲೆ ಗ್ರಿಲ್ಲು, ಅಡುಗೆಮನೆಯ ಕಪಾಟು, ಬಣ್ಣ. ಹತ್ತು ಲಕ್ಷ ಮಾಲೀಕರಿಗೆ ಕೊಟ್ಟ ಮೇಲೆ ಇನ್ನೂ ಐದಾರು ಲಕ್ಷ ಬೇಕು. ಆ ಜಾಗಕ್ಕೆ ನಿಮ್ಮ ಒಡವೆ ಬರುತ್ತಿದೆ. ಅದನ್ನು ನಾನು ಒಪ್ಪುವುದಿಲ್ಲ. ಒಡವೆ ಸಾಲಕ್ಕೂ ಬಡ್ಡಿ ಉಂಟು, ಜೊತೆಗೆ ನಾಳೆ ಕಷ್ಟ ಬಂದರೆ ತೆಗೆಯಲು ಮನೆಯಲ್ಲಿ ಏನೂ ಉಳಿದಿರುವುದಿಲ್ಲ. ಕಂತು ನಿಮ್ಮಿಬ್ಬರ ಸಂಬಳದ ಶೇ. 39ರಷ್ಟಾಗುತ್ತದೆ, ಹೇಗೋ ನಿಭಾಯಿಸಬಹುದು. ನಿಮ್ಮ ಸಂಬಳ ನಿಂತರೆ ಅದೇ ಕಂತು ಅವರೊಬ್ಬರ ಸಂಬಳದ ಶೇ. 56. ಕೊರೊನಾ ಕಾಲದಲ್ಲಿ ಖಾಸಗಿ ಶಾಲೆಯ ಶಿಕ್ಷಕರ ಗತಿ ಏನಾಯಿತೆಂದು ನಿಮಗೆ ನಾನು ಹೇಳಬೇಕಿಲ್ಲ.

ಏಜೆಂಟ್ ಇನ್ನೊಂದು ಕಾಗದ ಮುಂದೆ ಇಡುವ ಸಂಭವವಿದೆ: ಸಾಲಕ್ಕೆ ಜೋಡಿಸಿದ ವಿಮೆ. ಒಂದೇ ಸಲದ ಪ್ರೀಮಿಯಂ, ಅದನ್ನೂ ಸಾಲಕ್ಕೇ ಸೇರಿಸುತ್ತೇವೆ, ನೀವೇನೂ ಕೊಡಬೇಕಾಗಿಲ್ಲ ಅನ್ನುತ್ತಾರೆ. 1 ಲಕ್ಷ 20 ಸಾವಿರದ ಪ್ರೀಮಿಯಂ ಹಾಗೆ ಸೇರಿದರೆ 20 ವರ್ಷದಲ್ಲಿ ಎರಡೂವರೆ ಲಕ್ಷ ಕಟ್ಟಿರುತ್ತೀರಿ. ಅವರು ತೋರಿಸಿದ ಪಾಲಿಸಿಯನ್ನೇ ಕೊಳ್ಳಬೇಕೆಂಬ ನಿಯಮವಿಲ್ಲ. ವಿಮೆ ಖಂಡಿತ ಬೇಕು, ನಿಮ್ಮ ಯಜಮಾನರ ಹೆಸರಿನಲ್ಲಿ ಸಾಲದ ಮೊತ್ತಕ್ಕಿಂತ ಕಡಿಮೆಯಿಲ್ಲದ ಟರ್ಮ್ ಪಾಲಿಸಿಯನ್ನು ಬೇರೆಯಾಗಿ ಮಾಡಿಸಿ, ವರ್ಷ ವರ್ಷ ಕಟ್ಟಿ.

ಇಷ್ಟೆಲ್ಲ ಓದಿ ಮನೆಯೇ ಬೇಡ ಅನ್ನಿಸಿದರೆ, ನಿಲ್ಲಿ. 43 ಲಕ್ಷ ಬಡ್ಡಿ ಅನ್ನುವ ಅಂಕಿ ಹೆದರಿಸುತ್ತದೆ, ಅದರಲ್ಲಿ ಅರ್ಧ ಸತ್ಯವೇ ಇರುವುದು. ಬಾಡಿಗೆ ವರ್ಷಕ್ಕೆ ಶೇ. 5ರಂತೆ ಏರಿದರೆ ಈಗಿನ 13 ಸಾವಿರದ ಮನೆಗೆ 20 ವರ್ಷದಲ್ಲಿ ನೀವು ಕೊಡುವ ಬಾಡಿಗೆ 51 ಲಕ್ಷ ದಾಟುತ್ತದೆ. ಇಪ್ಪತ್ತನೇ ವರ್ಷದಲ್ಲಿ ನೀವು ಕಟ್ಟುವ 34,713 ರೂಪಾಯಿಗೆ, ಬೆಲೆಗಳೂ ಹಾಗೇ ಏರುತ್ತಿದ್ದರೆ, ಇವತ್ತಿನ 13 ಸಾವಿರದಷ್ಟೇ ಬೆಲೆ. ಕಂತು ನಿಂತಲ್ಲೇ ಇರುತ್ತದೆ, ಸಂಬಳ ಏರುತ್ತದೆ. ಸಾಲಗಾರನಿಗೆ ಕಾಲ ಮಾಡುವ ಒಂದೇ ಉಪಕಾರ ಇದು. ಆದರೆ ಮೊದಲ ವರ್ಷಗಳು ಬಿಗಿ. ಮೊದಲ ವರ್ಷ ಬಡ್ಡಿಗೇ 3 ಲಕ್ಷ 37 ಸಾವಿರ, ಬಾಡಿಗೆಯಾದರೆ 1 ಲಕ್ಷ 56 ಸಾವಿರ. ಈ ಅಂತರದ ಜೊತೆಗೆ ಅಪಾರ್ಟ್‌ಮೆಂಟ್ ಸಂಘದ ತಿಂಗಳ ಮೇಂಟೆನೆನ್ಸು, ಮನೆ ಕಂದಾಯ, ಎಂದೋ ಒಂದು ದಿನ ಲಿಫ್ಟು ಬದಲಿಸುವಾಗ ಬರುವ ಪಾಲು. ಬಾಡಿಗೆದಾರರಾಗಿ ಇದನ್ನೆಲ್ಲ ನೀವು ಈವರೆಗೆ ಕಂಡಿಲ್ಲ.

ಹಾಗಾಗಿ ನನ್ನ ಸಲಹೆ: ಮನೆ ಕೊಳ್ಳಿ, ಮುಂದಿನ ವಾರ ಮಾತ್ರ ಬೇಡ. ಒಂದೂವರೆ ವರ್ಷ ಕಂತಿನ ರಿಹರ್ಸಲ್ ಮಾಡಿ. ಬಾಡಿಗೆ ಕೊಟ್ಟ ದಿನವೇ 21,713 ರೂಪಾಯಿಯನ್ನು ಒಂದು ಆರ್‌ಡಿಗೆ ಹಾಕಿ. ಬಾಡಿಗೆಯೂ ಅದೂ ಸೇರಿದರೆ ಸರಿಯಾಗಿ 34,713. 18 ತಿಂಗಳಲ್ಲಿ 3 ಲಕ್ಷ 90 ಸಾವಿರ, ಮೇಲೆ ಬಡ್ಡಿ. ರಿಜಿಸ್ಟ್ರೇಷನ್ ಖರ್ಚು ಅದರಲ್ಲೇ ಬಂತು, ಒಡವೆ ಪೆಟ್ಟಿಗೆಯಲ್ಲೇ ಇತ್ತು. ಮಗನ ಸ್ಕೂಲ್ ಫೀಸು ಬಂದ ತಿಂಗಳು, ಹಬ್ಬದ ತಿಂಗಳು, ಊರಲ್ಲಿ ಯಾರಿಗೋ ಹುಷಾರಿಲ್ಲದ ತಿಂಗಳು ಆರ್‌ಡಿ ತಪ್ಪಿತೇ ಎಂಬುದನ್ನು ಗಮನಿಸಿ. ಪದೇ ಪದೇ ತಪ್ಪಿದರೆ 40 ಲಕ್ಷದ ಸಾಲ ನಿಮಗೆ ಭಾರ ಎಂದರ್ಥ, ಚಿಕ್ಕ ಮನೆ ನೋಡಬೇಕು. ಸಾಲದಲ್ಲಿ ಒಂದು ಲಕ್ಷ ಕಡಿಮೆಯಾದರೆ ಕಂತಿನಲ್ಲಿ 868 ರೂಪಾಯಿ, ಒಟ್ಟಿನಲ್ಲಿ 2 ಲಕ್ಷ 8 ಸಾವಿರ ಕಡಿಮೆಯಾಗುತ್ತದೆ. ಅಷ್ಟರಲ್ಲಿ ಫ್ಲ್ಯಾಟಿನ ಬೆಲೆ ಏರಿಬಿಟ್ಟರೆ ಎಂದು ಬ್ರೋಕರ್ ಹೆದರಿಸುತ್ತಾನೆ. ಏರಬಹುದು. ಬೋಗಾದಿಯಲ್ಲಿ ಮಾರಾಟಕ್ಕಿರುವ ಫ್ಲ್ಯಾಟು ಅದೊಂದೇ ಅಲ್ಲ.

ಸಾಲ ಮಾಡುವಾಗ 20 ವರ್ಷಕ್ಕೇ ಬರೆಸಿ. ಸಂಬಳ ಏರಿದಾಗಲೆಲ್ಲ ಕಂತನ್ನೂ ವರ್ಷಕ್ಕೆ ಶೇ. 5ರಷ್ಟು ಏರಿಸುತ್ತ ಹೋದರೆ ಸಾಲ ಹನ್ನೆರಡು ವರ್ಷ ಚಿಲ್ಲರೆಯಲ್ಲಿ ತೀರುತ್ತದೆ, 15 ಲಕ್ಷದಷ್ಟು ಬಡ್ಡಿ ಉಳಿಯುತ್ತದೆ. ಅಷ್ಟು ಆಗದಿದ್ದರೆ ಬೋನಸ್ ಬಂದಾಗ ವರ್ಷಕ್ಕೆ ಒಂದು ಕಂತು ಹೆಚ್ಚಿಗೆ ಕಟ್ಟಿ, ಮೂರು ವರ್ಷಕ್ಕೂ ಹೆಚ್ಚು ಮೊದಲೇ ಮುಗಿಯುತ್ತದೆ. ಫ್ಲೋಟಿಂಗ್ ದರದ ಗೃಹಸಾಲವನ್ನು ಮುಂಚಿತವಾಗಿ ತೀರಿಸಿದರೆ ದಂಡ ಹಾಕುವಂತಿಲ್ಲ. ಹಾಗೆ ಕಟ್ಟಿದಾಗ ‘ಅವಧಿ ಕಡಿಮೆ ಮಾಡಿ, ಕಂತು ಹಾಗೇ ಇರಲಿ’ ಎಂದು ಬರೆದು ಕೊಟ್ಟು ಸ್ವೀಕೃತಿ ಪಡೆಯಿರಿ. ಸಾಲ ಪೂರ್ತಿ ತೀರಿದ 30 ದಿನದೊಳಗೆ ಮೂಲ ಕಾಗದಪತ್ರ ನಿಮ್ಮ ಕೈಗೆ ಬರಬೇಕು. ಸಾಲ ಕೊಟ್ಟವರ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಅವರೇ ನಿಮಗೆ ಕೊಡಬೇಕು.

ಎಲ್ಲೇ ಸಾಲ ಪಡೆಯಿರಿ, ಸಹಿ ಹಾಕುವ ಮೊದಲು ಕೆಎಫ್‌ಎಸ್ ಕೊಡಿ ಎಂದು ಕೇಳಿ. ಸಾಲದ ಮುಖ್ಯ ಅಂಶಗಳ ಪಟ್ಟಿ ಅದು, 2024ರ ಅಕ್ಟೋಬರ್‌ನಿಂದ ಕಡ್ಡಾಯ. ಶುಲ್ಕಗಳೆಲ್ಲ ಸೇರಿದ ವಾರ್ಷಿಕ ದರ, ಕಂತಿನ ಪೂರ್ತಿ ಪಟ್ಟಿ ಎಲ್ಲ ಅದರಲ್ಲಿರಬೇಕು. ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿರಬೇಕೆಂಬ ನಿಯಮವೂ ಇದೆ, ಕನ್ನಡದಲ್ಲೇ ಕೇಳಿ. ಅದನ್ನು ಕೊಟ್ಟ ಮೇಲೆ ಯೋಚಿಸಲು ಕನಿಷ್ಠ ಮೂರು ಕೆಲಸದ ದಿನ ಸಮಯ ಕೊಡಬೇಕು. ಏಜೆಂಟ್ ಅವತ್ತೇ ಸಹಿ ಹಾಕಿ ಎಂದರೆ ಬೇರೆ ಕಡೆ ಹೋಗಿ.

ಇಷ್ಟೂ ಹೇಳಿದ ಮೇಲೂ ಇದೇ ಫ್ಲ್ಯಾಟ್ ಬೇಕು ಎಂದು ನಿಮ್ಮ ಯಜಮಾನರು ಹಟ ಹಿಡಿದರೆ, ಮುಂಗಡ ಕೊಡುವ ಮೊದಲು ಇ-ಖಾತಾ ಮತ್ತು ಇಸಿಯನ್ನು (ಋಣಭಾರ ಪತ್ರ) ವಕೀಲರಿಗೆ ತೋರಿಸಿ. ಕ್ರಯದ ಕರಾರಿನಲ್ಲಿ ಒಂದು ಷರತ್ತು ಸೇರಿಸಿ: ಸಾಲ ಮಂಜೂರಾಗದಿದ್ದರೆ ಮುಂಗಡವನ್ನು ಪೂರ್ತಿ ಇಂತಿಷ್ಟು ದಿನದೊಳಗೆ ಹಿಂದಿರುಗಿಸಬೇಕು. ದುಡ್ಡನ್ನು ಚೆಕ್ಕಿನಲ್ಲಿ ಅಥವಾ ಬ್ಯಾಂಕಿನ ಮೂಲಕ ಕೊಡಿ, ನಗದಾಗಿ ಬೇಡ.